ಭೂತಾನದ ಅಡಿಕೆ, ಭೂತಾನದ ಜನ

ಚನ್ನಗಿರಿ ಪೇಟೆಯಲ್ಲಿ ಯಾರನ್ನಾದರೂ ನಿಲ್ಲಿಸಿ ಭೂತಾನದ ಬಗ್ಗೆ ಕೇಳಿದರೆ ಮಾತು ನೇರ ಅಡಿಕೆಗೆ ಬರುತ್ತದೆ. 2022ರ ಸೆಪ್ಟೆಂಬರಿನಲ್ಲಿ ಕೇಂದ್ರ ಸರ್ಕಾರ ಭೂತಾನದಿಂದ ವರ್ಷಕ್ಕೆ 17,000 ಟನ್ ಹಸಿ ಅಡಿಕೆಯನ್ನು ಕನಿಷ್ಠ ಆಮದು ಬೆಲೆಯ ಕಟ್ಟು ಇಲ್ಲದೆ ತರಿಸಲು ಒಪ್ಪಿಗೆ ಕೊಟ್ಟಿತು. ಅಲ್ಲಿಂದಾಚೆಗೆ ಆ ಪುಟ್ಟ ದೇಶದ ಹೆಸರು ನಮ್ಮ ತೋಟಗಳಲ್ಲಿ, ತುಮ್ಕೋಸ್ ಅಡಿಕೆ ಸಹಕಾರ ಸಂಘದ ಅಂಗಳದಲ್ಲಿ, ಖೇಣಿದಾರರ ಬಾಯಲ್ಲಿ ಓಡಾಡುತ್ತಲೇ ಇದೆ. ಬರ್ಮಾ, ಶ್ರೀಲಂಕಾಗಳ ಹೆಸರುಗಳೂ ಹಾಗೆಯೇ ಬಂದು ಹೋಗುತ್ತವೆ. 2023ರ ಫೆಬ್ರವರಿಯಲ್ಲಿ ಕನಿಷ್ಠ ಆಮದು ಬೆಲೆ ಕಿಲೋಗೆ 251 ರೂಪಾಯಿಯಿಂದ 351ಕ್ಕೆ ಏರಿದಾಗ ಸ್ವಲ್ಪ ಸಮಾಧಾನವಾಯಿತು, ಅಷ್ಟೇ. ಬೆಳೆಗಾರರ ಆತಂಕ ನ್ಯಾಯವಾದದ್ದು. ಮಗಳ ಮದುವೆ, ಬ್ಯಾಂಕಿನ ಸಾಲ, ಬೋರ್‌ವೆಲ್ಲಿನ ಖರ್ಚು ಎಲ್ಲವೂ ಆ ದರಕ್ಕೆ ಜೋತುಬಿದ್ದಿರುವಾಗ ಅವರು ದರವನ್ನೇ ಮೊದಲು ನೋಡಬೇಕು.

ಆದರೆ ಒಂದು ದೇಶ ನಮ್ಮ ಮನೆಯೊಳಗೆ ಇಷ್ಟು ದೂರ ಬಂದಮೇಲೂ ಅಲ್ಲಿನ ಒಬ್ಬ ಮನುಷ್ಯನ ಹೆಸರೂ ನಮಗೆ ಗೊತ್ತಿಲ್ಲ. ನನ್ನನ್ನು ಕಾಡುವುದು ಇದು. ಭೂತಾನದ ಇಡೀ ಜನಸಂಖ್ಯೆ ಎಂಟು ಲಕ್ಷ ಮುಟ್ಟುವುದಿಲ್ಲ. ನಮ್ಮ ದಾವಣಗೆರೆ ಜಿಲ್ಲೆಯ ಹೆಚ್ಚುಕಡಿಮೆ ಅರ್ಧ. ಅವರೂ ಅಡಿಕೆ ತಿನ್ನುವವರು. ಎಲೆ, ಅಡಿಕೆ, ಸುಣ್ಣ ಸೇರಿಸಿ ಅವರು ಮೆಲ್ಲುವ ತಾಂಬೂಲಕ್ಕೆ ದೋಮಾ ಎನ್ನುತ್ತಾರೆ. ಮನೆಗೆ ಬಂದವರಿಗೆ ಕೊಡುವುದು, ದಾರಿಯಲ್ಲಿ ಸಿಕ್ಕವರೊಡನೆ ಹಂಚಿಕೊಳ್ಳುವುದು, ಹಬ್ಬ ಮದುವೆಗಳಲ್ಲಿ ತಟ್ಟೆಯಲ್ಲಿಡುವುದು ಎಲ್ಲವೂ ನಮ್ಮ ಹಾಗೆಯೇ. ಅವರನ್ನು ನಾವು ಪೈಪೋಟಿಯವರೆಂದು ಮಾತ್ರ ಬಲ್ಲೆವು.

ಕುಂಜಾಂಗ್ ಚೋಡೆನ್ ಎಂಬ ಭೂತಾನದ ಲೇಖಕಿ 2005ರಲ್ಲಿ ‘ದಿ ಸರ್ಕಲ್ ಆಫ್ ಕರ್ಮ’ ಎಂಬ ಕಾದಂಬರಿ ಬರೆದರು. ಆ ದೇಶದ ಹೆಣ್ಣುಮಗಳೊಬ್ಬಳು ಇಂಗ್ಲಿಷಿನಲ್ಲಿ ಬರೆದ ಮೊದಲ ಕಾದಂಬರಿ ಅದು. ಸೋಮೋ ಎಂಬ ಹುಡುಗಿಗೆ ಓದು ಕಲಿಯುವ ಆಸೆ. ಹೆಣ್ಣಾದ್ದರಿಂದ ಅಪ್ಪ ಕಲಿಸುವುದಿಲ್ಲ. ತಾಯಿ ತೀರಿಕೊಂಡ ಮೇಲೆ, ಅವಳ ವರ್ಷದ ಕಾರ್ಯಕ್ಕೆ ದೂರದ ಮಠದಲ್ಲಿ ತುಪ್ಪದ ದೀಪ ಹಚ್ಚಬೇಕೆಂದು ಮನೆಯಿಂದ ಹೊರಟವಳು ರಸ್ತೆ ಕೆಲಸದ ಕೂಲಿಯಾಗುತ್ತಾಳೆ. ಕಲ್ಲು ಹೊರುತ್ತಾಳೆ, ಮೋಸ ಹೋಗುತ್ತಾಳೆ, ಗಡಿ ದಾಟಿ ಭಾರತಕ್ಕೂ ನೇಪಾಳಕ್ಕೂ ಬರುತ್ತಾಳೆ. ದೊಡ್ಡ ಘಟನೆಗಳ ಪುಸ್ತಕವಲ್ಲ ಅದು. ಅಡಿಗೆಮನೆ, ಅಕ್ಕತಂಗಿಯರ ಮುನಿಸು, ಹರಕೆ, ಮೈಲಿಗೆ, ಗಂಡಸರ ದರ್ಪ, ಹೆಂಗಸರು ಒಬ್ಬರಿಗೊಬ್ಬರು ಒದಗುವ ರೀತಿ, ಇವೇ ಅದರ ತುಂಬ. ಅದನ್ನು ಓದಿದ ಮೇಲೆ 17,000 ಟನ್ನಿನ ಸುದ್ದಿ ಪತ್ರಿಕೆಯಲ್ಲಿ ಕಂಡಾಗ, ಆ ಅಡಿಕೆ ಸುಲಿದ ಕೈಗಳು ಯಾವುವು ಎಂಬ ಪ್ರಶ್ನೆ ತಾನಾಗಿ ಏಳುತ್ತದೆ. ನಮ್ಮ ದರದ ಚಿಂತೆ ಅದರಿಂದ ಕಡಿಮೆಯಾಗುವುದಿಲ್ಲ, ಆಗಬೇಕಾಗಿಯೂ ಇಲ್ಲ. ಕನ್ನಡದ ಪ್ರಕಾಶಕರು ಯಾರಾದರೂ ಈ ಕಾದಂಬರಿಯನ್ನು ಕೈಗೆತ್ತಿಕೊಂಡರೆ ನಮ್ಮ ಅಡಿಕೆ ಸೀಮೆಯಲ್ಲೇ ಅದಕ್ಕೆ ಬೇಕಾದಷ್ಟು ಓದುಗರು ಸಿಗುತ್ತಾರೆ.

ನೆರೆಯ ದೇಶವನ್ನು ತಿಳಿಯಬೇಕೆನ್ನುವವರು ನಮ್ಮಲ್ಲಿ ಮೊದಲು ಯುದ್ಧದ ಪುಸ್ತಕಕ್ಕೆ ಕೈ ಹಾಕುತ್ತಾರೆ. ಬ್ರಿಗೇಡಿಯರ್ ಜೆ.ಪಿ. ದಳ್ವಿ 1969ರಲ್ಲಿ ಬರೆದ, ರವಿ ಬೆಳಗೆರೆ ಕನ್ನಡಕ್ಕೆ ತಂದ ‘ಹಿಮಾಲಯನ್ ಬ್ಲಂಡರ್’ ಅಂಥದ್ದು. ಎಷ್ಟೋ ಮನೆಗಳಲ್ಲಿ ಇದೆ, ಕೈಯಿಂದ ಕೈಗೆ ದಾಟಿ ಸವೆದಿದೆ. ಓದಲೇಬೇಕಾದ ಪುಸ್ತಕ. 1962ರಲ್ಲಿ ನಮ್ಕಾ ಚೂ ದಂಡೆಯಲ್ಲಿ ಬ್ರಿಗೇಡಿನ ನಾಯಕನಾಗಿ ನಿಂತು ಸೆರೆಸಿಕ್ಕವರ ಸಂಕಟ ಅದರಲ್ಲಿದೆ. ಆದರೆ ಅದನ್ನು ಚೀನಾದ ಪುಸ್ತಕವೆಂದು ಓದಬಾರದು. ಅದು ನಮ್ಮ ಪುಸ್ತಕ. ನಮ್ಮ ದೆಹಲಿ, ನಮ್ಮ ಸೇನಾ ಕಚೇರಿ, ನಮ್ಮ ಸಿದ್ಧತೆಯ ಕೊರತೆ, ಇವುಗಳ ವಿಚಾರಣೆ. ಅದನ್ನು ಮುಗಿಸಿದವರಿಗೆ 1962ರ ಭಾರತ ಅರ್ಥವಾಗುತ್ತದೆ. ಚೀನಾದ ಒಬ್ಬ ರೈತ ಬೆಳಗ್ಗೆ ಎದ್ದು ಏನು ಮಾಡುತ್ತಾನೆ ಎಂಬುದು ಗೊತ್ತಾಗುವುದಿಲ್ಲ.

ಆ ರೈತನನ್ನು ಕಾಣಬೇಕಾದರೆ ಪರ್ಲ್ ಬಕ್ ಅವರ ‘ದಿ ಗುಡ್ ಅರ್ಥ್’ ಓದಬೇಕು. ಈ ಮಾತನ್ನು ನಾನು ಜಗಳೂರಿನವರಿಗೆ ವಿಶೇಷವಾಗಿ ಹೇಳುತ್ತೇನೆ. 1931ರಲ್ಲಿ ಬಂದ ಪುಸ್ತಕ. ಬರೆದವರಿಗೆ 1938ರಲ್ಲಿ ನೊಬೆಲ್ ಬಂತು. ವಾಂಗ್ ಲುಂಗ್ ಎಂಬ ಬಡ ಒಕ್ಕಲಿಗನ ಮದುವೆಯ ದಿನದಿಂದ ಕಥೆ ಶುರು. ಶ್ರೀಮಂತರ ಮನೆಯ ತೊತ್ತು ಓಲಾನ್ ಅವನ ಹೆಂಡತಿಯಾಗಿ ಬರುತ್ತಾಳೆ. ಹೆಚ್ಚು ಮಾತಾಡದವಳು, ಹೆರಿಗೆಯ ಹೊತ್ತಿನವರೆಗೂ ಹೊಲದಲ್ಲಿ ದುಡಿಯುವವಳು. ನಾಲ್ಕು ಕಾಸು ಕೂಡಿಟ್ಟು ಭೂಮಿ ಕೊಳ್ಳುವ ಹೊತ್ತಿಗೆ ಬರ ಬೀಳುತ್ತದೆ. ಆಕಾಶ ನೋಡಿ ನೋಡಿ ಕಣ್ಣು ಸೋಲುತ್ತದೆ, ಎತ್ತು ಹೋಗುತ್ತದೆ, ಕಾಳು ಬಚ್ಚಿಟ್ಟಿದ್ದಾನೆಂದು ಅಕ್ಕಪಕ್ಕದವರೇ ಮನೆಗೆ ನುಗ್ಗುತ್ತಾರೆ. ಕೊನೆಗೆ ಇಡೀ ಸಂಸಾರ ಗುಳೆ ಹೋಗುತ್ತದೆ. ರೈಲು ಹತ್ತಿ ದಕ್ಷಿಣದ ದೊಡ್ಡ ಪಟ್ಟಣಕ್ಕೆ ಹೋಗಿ ಗೋಡೆಗೆ ಚಾಪೆ ಒರಗಿಸಿಕೊಂಡು ಬದುಕುತ್ತಾರೆ. ಹೆಂಡತಿ ಮಕ್ಕಳು ಭಿಕ್ಷೆಗೆ, ಅವನು ರಿಕ್ಷಾ ಎಳೆಯಲು. ಮನೆಯ ಸಾಮಾನು ಮಾರುತ್ತಾನೆ; ಭೂಮಿ ಮಾತ್ರ ಮಾರುವುದಿಲ್ಲ.

ಜಗಳೂರು ಸೀಮೆಯಲ್ಲಿ ಇದನ್ನು ಯಾರಿಗೂ ಬಿಡಿಸಿ ಹೇಳಬೇಕಿಲ್ಲ. ಮಳೆ ಕೈಕೊಟ್ಟ ವರ್ಷ ಮನೆಗೆ ಬೀಗ ಹಾಕಿ, ಮುದುಕರನ್ನು ಮಾತ್ರ ಬಿಟ್ಟು ಕಾಫಿ ತೋಟಕ್ಕೋ ಬೆಂಗಳೂರಿನ ಕಟ್ಟಡದ ಕೆಲಸಕ್ಕೋ ಹೋದವರ ಊರುಗಳಿವು. 57 ಕೆರೆಗಳಿಗೆ ತುಂಗಭದ್ರೆಯ ನೀರು ತರುವ ಯೋಜನೆಗಾಗಿ ಅಲ್ಲಿನ ಜನ ಕಾದ ಕಾಲ ಎಷ್ಟೆಂದು ಅವರಿಗೇ ಗೊತ್ತು. ಚೀನಾದ ಬಗ್ಗೆ ಹತ್ತು ಭಾಷಣ ಕೇಳಿ ಸಿಗದ ತಿಳಿವಳಿಕೆ ಆ ಕಾದಂಬರಿಯ ಬರದ ಅಧ್ಯಾಯಗಳಲ್ಲಿ ಸಿಗುತ್ತದೆ. ಭೂಮಿ ಕೈಬಿಡದ ಹಟ ಯಾವ ದೇಶದ ಒಕ್ಕಲಿಗನಲ್ಲೂ ಒಂದೇ ಎನ್ನುವುದಷ್ಟೇ ಅಲ್ಲ. ಅದೇ ಮನುಷ್ಯ ಹಣ ಬಂದಮೇಲೆ ಏನಾಗುತ್ತಾನೆ ಎಂಬುದನ್ನೂ ಪರ್ಲ್ ಬಕ್ ಮುಚ್ಚಿಡುವುದಿಲ್ಲ. ಕಷ್ಟದ ಕಾಲದಲ್ಲಿ ಸಿಕ್ಕ ಒಡವೆಗಳಲ್ಲಿ ಎರಡೇ ಎರಡು ಮುತ್ತನ್ನು ಓಲಾನ್ ಗಂಡನನ್ನು ಬೇಡಿ ಉಳಿಸಿಕೊಂಡಿರುತ್ತಾಳೆ. ಹಾಕಿಕೊಳ್ಳಲಿಕ್ಕಲ್ಲ, ಸುಮ್ಮನೆ ಇಟ್ಟುಕೊಳ್ಳಲಿಕ್ಕೆ. ಸಿರಿ ಬಂದ ಮೇಲೆ ಆ ಎರಡನ್ನೂ ಕಿತ್ತುಕೊಂಡು ತಾನು ಇಟ್ಟುಕೊಂಡವಳಿಗೆ ಕೊಡುತ್ತಾನೆ. ನಾನು ಓದಿದ ಕಾದಂಬರಿಗಳಲ್ಲಿ ಇಷ್ಟು ಕಡಿಮೆ ಮಾತಿನಲ್ಲಿ ಇಷ್ಟು ದೊಡ್ಡ ಅನ್ಯಾಯ ತೋರಿಸಿದ ಜಾಗಗಳು ಬಹಳ ಇಲ್ಲ.

ಪರ್ಲ್ ಬಕ್ ಅಮೆರಿಕದವರು. ಮಿಷನರಿಗಳ ಮಗಳಾಗಿ ಚೀನಾದಲ್ಲಿ ಬೆಳೆದು ಆ ಮಾತನ್ನೇ ಆಡಿದವರು. ಹಾಗಿದ್ದೂ ಹೊರಗಿನವರು ಎಂಬ ತಕರಾರು ಚೀನೀ ಲೇಖಕರಲ್ಲಿ, ಲೂ ಷುನ್ ಅವರಲ್ಲಿ ಕೂಡ ಇತ್ತು. ಆ ತಕರಾರಿನಲ್ಲಿ ನಿಜವಿದೆ. ಹಾಗಾಗಿ ಇದರ ಬೆನ್ನಿಗೇ ಲೂ ಷುನ್ ಅವರನ್ನೂ ಓದಬೇಕು. 1921ರಿಂದ 22ರವರೆಗೆ ಬಿಡಿಬಿಡಿಯಾಗಿ ಬಂದ ‘ಆ ಕ್ಯೂ’ ಕಥೆಯಲ್ಲಿ ಊರವರಿಂದ ಒದೆ ತಿಂದೂ ಮನಸ್ಸಿನಲ್ಲಿ ತಾನೇ ಗೆದ್ದೆನೆಂದುಕೊಳ್ಳುವ ಕೂಲಿಯವನು ಬರುತ್ತಾನೆ. ತನ್ನ ಜನರ ಮೇಲೆ ಪ್ರೀತಿ ಇರುವವನು ಮಾತ್ರ ತನ್ನ ಜನರನ್ನು ಅಷ್ಟು ಕಟುವಾಗಿ ನೋಡಬಲ್ಲ.

ನನ್ನ ಒಂದೇ ಮಾತು ಇದು. ನೆರೆಯ ದೇಶವನ್ನು ತಿಳಿಯಲು ಅಲ್ಲಿನವರು ತಮ್ಮ ಮನೆಯ ಬಗ್ಗೆ ಬರೆದ ಕಥೆ, ಕಾದಂಬರಿ, ಆತ್ಮಕಥೆ ಮೊದಲು. ಅಲ್ಲಿಗೆ ಹೋಗಿ ಬಂದವರ ಪುಸ್ತಕ ಆಮೇಲೆ. ಗಡಿ, ಸೇನೆ, ಒಪ್ಪಂದಗಳ ಪುಸ್ತಕ ಅದಕ್ಕೂ ಆಮೇಲೆ. ನಮ್ಮಲ್ಲಿ ಓದು ನಡೆಯುವುದು ಇದರ ತಿರುಗಾಮುರುಗಾ ಕ್ರಮದಲ್ಲಿ.

ಪಾಕಿಸ್ತಾನದ ವಿಷಯದಲ್ಲಂತೂ ಕ್ರಮ ಪೂರಾ ತಪ್ಪಿದೆ. ಕ್ರಿಕೆಟ್ಟು, ಕಾರ್ಗಿಲ್, ಟಿವಿಯ ಚರ್ಚೆ ಬಿಟ್ಟರೆ ಬೇರೇನೂ ನಮ್ಮ ಬಳಿ ಇಲ್ಲ. ಅಲ್ಲಿಂದ ಬರುವ ಗುಂಡಿಗೆ ನಮ್ಮ ಹುಡುಗರು ಜೀವ ಕೊಟ್ಟಿದ್ದಾರೆ. ಆ ಸಿಟ್ಟು ಸುಳ್ಳಲ್ಲ, ಅದನ್ನು ಬಿಡಿ ಎನ್ನುವ ಅಧಿಕಾರ ಪುಸ್ತಕದ ಅಂಕಣಕ್ಕಿಲ್ಲ. ಆದರೆ ಸಿಟ್ಟಿನ ಜೊತೆಗೆ ತಿಳಿವಳಿಕೆಯೂ ಇರಬಹುದು. ದಾನಿಯಾಲ್ ಮುಈನುದ್ದೀನ್ ಎಂಬ ಪಾಕಿಸ್ತಾನಿ ಕಥೆಗಾರರ ‘ಇನ್ ಅದರ್ ರೂಮ್ಸ್, ಅದರ್ ವಂಡರ್ಸ್’ ಎಂಬ ಸಂಕಲನ 2009ರಲ್ಲಿ ಬಂತು. ದಕ್ಷಿಣ ಪಂಜಾಬಿನಲ್ಲಿ ತಾವೇ ಕೃಷಿ ನಡೆಸಿದವರು ಅವರು. ಮೊದಲ ಕಥೆಯ ನಾಯಕ ನವಾಬ್‌ದಿನ್ ಎಂಬ ಎಲೆಕ್ಟ್ರಿಷಿಯನ್. ಕೊಳವೆಬಾವಿಗಳ ಕರೆಂಟು ಮೀಟರನ್ನು ಬೇಕಾದಷ್ಟು ನಿಧಾನ ಓಡಿಸುವ ಕೈಚಳಕ ಅವನದು. ಊರ ಸುತ್ತಿನ ರೈತರಿಗೆ ಅವನಿಂದ ಎಷ್ಟು ಲಾಭವೆಂದರೆ ಅವನನ್ನು ಬಿಟ್ಟುಕೊಡುವವರಿಲ್ಲ. ಹನ್ನೆರಡು ಹೆಣ್ಣುಮಕ್ಕಳ ತಂದೆ. ಅಷ್ಟೂ ಮದುವೆ, ಅಷ್ಟೂ ವರದಕ್ಷಿಣೆ ತಲೆಯ ಮೇಲಿದೆ. ಜಮೀನ್ದಾರನನ್ನು ಕಾಡಿ ಬೇಡಿ ಒಂದು ಮೋಟರ್‌ಸೈಕಲ್ ಗಿಟ್ಟಿಸುತ್ತಾನೆ. ಅದು ಬಂದ ಮೇಲೆ ಅವನ ನಡಿಗೆಯೇ ಬದಲಾಗುತ್ತದೆ, ಸಂಪಾದನೆ ಏರುತ್ತದೆ. ಒಂದು ಸಂಜೆ ದಾರಿಯಲ್ಲಿ ಕಳ್ಳನೊಬ್ಬ ಅದನ್ನು ಕಿತ್ತುಕೊಳ್ಳಲು ಬಂದಾಗ ನವಾಬ್‌ದಿನ್ ಗುಂಡೇಟು ತಿಂದೂ ಬಿಡುವುದಿಲ್ಲ.

ಮೋಟರು ಸುಟ್ಟಾಗ ವೈಂಡಿಂಗ್ ಅಂಗಡಿಯ ಮುಂದೆ ಕಾದು ಕುಳಿತವರು, ರಾತ್ರಿ ಎರಡಕ್ಕೆ ತ್ರೀ ಫೇಸ್ ಬಂತೆಂದು ತೋಟಕ್ಕೆ ಓಡಿದವರು ಚನ್ನಗಿರಿಯಲ್ಲೂ ಹೊನ್ನಾಳಿಯಲ್ಲೂ ಮನೆಗೊಬ್ಬರಿದ್ದಾರೆ. ನಮ್ಮಲ್ಲಿ 10 ಎಚ್‌ಪಿವರೆಗಿನ ಪಂಪ್‌ಸೆಟ್ಟಿಗೆ ಕರೆಂಟು ಉಚಿತವಾದ್ದರಿಂದ ಮೀಟರಿನ ಕೈಚಳಕ ಬೇಕಿಲ್ಲ. ಆದರೆ ಆ ನವಾಬ್‌ದಿನ್‌ನನ್ನು ಅವರು ಮೊದಲ ಪುಟದಲ್ಲೇ ಗುರುತಿಸುತ್ತಾರೆ. ಜಮೀನ್ದಾರಿ ಇನ್ನೂ ಗಟ್ಟಿಯಾಗಿ ಉಳಿದಿರುವುದರಿಂದ ಅಲ್ಲಿನ ಒಕ್ಕಲಿನ ಬದುಕು ನಮ್ಮದಕ್ಕಿಂತ ಎಲ್ಲಿ ಬೇರೆ ಎಂಬುದೂ ಅದೇ ಕಥೆಗಳಲ್ಲಿ ಕಾಣುತ್ತದೆ. ಹೋಲಿಕೆಯಷ್ಟೇ ಹುಡುಕುವ ಓದು ಅರ್ಧ ಓದು. ನಮ್ಮಲ್ಲಿ 1974ರ ತಿದ್ದುಪಡಿಯಿಂದ ಗೇಣಿದಾರರಿಗೆ ಭೂಮಿ ಬಂದದ್ದರ ಬೆಲೆ ಏನೆಂದು ನನಗೆ ಮನಸ್ಸಿಗೆ ನಾಟಿದ್ದು ಈ ಪಾಕಿಸ್ತಾನಿ ಕಥೆಗಳನ್ನು ಓದುವಾಗ.

ದೇಶ ಒಡೆದ ಕಥೆ ಕನ್ನಡದಲ್ಲಿ ಚೆನ್ನಾಗಿಯೇ ಸಿಗುತ್ತದೆ. ಉರ್ದು ಕಥೆಗಾರ ಮಂಟೋ ಕನ್ನಡಕ್ಕೆ ಬಂದು ಬಹಳ ಕಾಲವಾಯಿತು. ಹುಚ್ಚಾಸ್ಪತ್ರೆಯವರನ್ನೂ ಎರಡು ದೇಶಗಳು ಹಂಚಿಕೊಳ್ಳುವ ‘ಟೋಬಾ ಟೇಕ್ ಸಿಂಗ್’ ಒಂದನ್ನೇ ಓದಿದರೂ ಸಾಕು ಎನ್ನುವವರಿದ್ದಾರೆ; ನನಗೆ ಸಾಲದು. ರಾವಲ್ಪಿಂಡಿಯಲ್ಲಿ ಹುಟ್ಟಿದ ಭೀಷ್ಮ ಸಾಹನಿ ಅವರ ಕಥೆಗಳನ್ನು ಡಿ.ಎನ್. ಶ್ರೀನಾಥ್ ಕನ್ನಡಕ್ಕೆ ತಂದಿದ್ದಾರೆ, ಅದಕ್ಕೆ ಸಾಹಿತ್ಯ ಅಕಾಡೆಮಿಯ ಅನುವಾದ ಬಹುಮಾನವೂ ಬಂದಿದೆ. ಗುಜ್ರಾನ್‌ವಾಲಾದಲ್ಲಿ ಹುಟ್ಟಿ, ಲಾಹೋರಿನಲ್ಲಿ ಬೆಳೆದು, 1947ರಲ್ಲಿ ಎಲ್ಲ ಬಿಟ್ಟು ಬಂದ ಅಮೃತಾ ಪ್ರೀತಂ ಅವರ ಆತ್ಮಕಥೆಯನ್ನು ‘ರಸೀದಿ ತಿಕೀಟು’ ಎಂದು ಕನ್ನಡಿಸಿದವರು ಹಸನ್ ನಯೀಂ ಸುರಕೋಡ. ಉರ್ದು, ಹಿಂದಿ ಬರಹವನ್ನು ಕನ್ನಡಕ್ಕೆ ತರುವುದನ್ನೇ ಅವರು ಬದುಕಿನ ಕೆಲಸ ಮಾಡಿಕೊಂಡರು. ಇಂಥ ಅನುವಾದಕರಿಗೆ ಕನ್ನಡಿಗರು ಸಲ್ಲಿಸಿದ ಗೌರವ ಅವರು ಮಾಡಿದ ಕೆಲಸದ ಮುಂದೆ ಏನೇನೂ ಅಲ್ಲ.

ನ್ಯಾಮತಿಯವರಿಗೆ ಇಲ್ಲಿ ಒಂದು ಮಾತು ಹೇಳಬೇಕು, ಪುಸ್ತಕದಿಂದ ಸ್ವಲ್ಪ ಆಚೆಯದಾದರೂ. ನಿಮ್ಮ ತಾಲ್ಲೂಕಿನ ಸೂರಗೊಂಡನಕೊಪ್ಪ ಸಂತ ಸೇವಾಲಾಲರ ಜನ್ಮಸ್ಥಳ. ಪ್ರತಿ ಫೆಬ್ರವರಿಯಲ್ಲಿ ಅಲ್ಲಿ ಸೇರುವ ಲಂಬಾಣಿ ಜನ ಮನೆಯಲ್ಲಿ ಆಡುವ ಮಾತು ರಾಜಸ್ಥಾನಿ ಕುಲದ್ದು. ‘ಹೀರೋ’ ಚಿತ್ರದ ‘ಲಂಬೀ ಜುದಾಯಿ’ ಹಾಡನ್ನು 1983ರಲ್ಲಿ ಹಾಡಿ ಇಡೀ ಭಾರತವನ್ನು ಮರುಳುಮಾಡಿದ ರೇಷ್ಮಾ ಪಾಕಿಸ್ತಾನದ ಗಾಯಕಿ ಎಂದು ಎಲ್ಲರಿಗೂ ಗೊತ್ತು. ಅವರು ರಾಜಸ್ಥಾನದ ಬಂಜಾರ, ಅಂದರೆ ಲಂಬಾಣಿ, ಕುಟುಂಬದಲ್ಲಿ ಹುಟ್ಟಿ, ವಿಭಜನೆಯ ಹೊತ್ತಿಗೆ ಕೂಸಾಗಿ ಕರಾಚಿ ಕಡೆ ಹೋದವರು ಎಂಬುದು ಅಷ್ಟಾಗಿ ಗೊತ್ತಿಲ್ಲ. ತಾಂಡಾದ ಯಾವ ಅಜ್ಜಿಗಾದರೂ ಆ ದನಿ ಕೇಳಿಸಿ. ಗಡಿಯಾಚೆಯ ದನಿ ಎಂದು ಆಕೆಗೆ ಅನ್ನಿಸಲಾರದು.

ಟಿಬೆಟ್ಟಿನ ವಿಷಯ ಬೇರೆ. ಆ ನೆರೆಯವರು ನಮ್ಮ ರಾಜ್ಯದೊಳಗೇ ಇದ್ದಾರೆ. ಬೈಲಕುಪ್ಪೆಯಲ್ಲಿ ಎರಡು, ಹುಣಸೂರು, ಕೊಳ್ಳೇಗಾಲ ಮತ್ತು ಮುಂಡಗೋಡಿನಲ್ಲಿ ಒಂದೊಂದು, ಹೀಗೆ ಅವರ ಐದು ವಸತಿಗಳು ಕರ್ನಾಟಕದಲ್ಲಿವೆ. ನಮಗೆ ಹತ್ತಿರದ ಮುಂಡಗೋಡಿನದು 1966ರಲ್ಲಿ ಶುರುವಾಯಿತು. ಆಗ ಮುಖ್ಯಮಂತ್ರಿ ಎಸ್. ನಿಜಲಿಂಗಪ್ಪ, ನಮ್ಮ ಈ ಸೀಮೆಯವರೇ. ಜಗಳೂರು ಆಗ ಅವರ ಚಿತ್ರದುರ್ಗ ಜಿಲ್ಲೆಯಲ್ಲಿತ್ತು; ದಾವಣಗೆರೆ ಜಿಲ್ಲೆ ಆದದ್ದು 1997ರಲ್ಲಿ. ಟಿಬೆಟನ್ನರು ಇಂದಿಗೂ ಅವರ ಹೆಸರನ್ನು ಕೃತಜ್ಞತೆಯಿಂದ ನೆನೆಯುತ್ತಾರೆ. ನಾವು ಮಾತ್ರ ಚಳಿಗಾಲದಲ್ಲಿ ಸ್ವೆಟರ್ ಮಾರಲು ಬರುವವರೊಡನೆ ನೂರಿನ್ನೂರು ರೂಪಾಯಿಗೆ ಚೌಕಾಸಿ ಮಾಡಿ ಮಾತು ಮುಗಿಸುತ್ತೇವೆ. ದಲೈ ಲಾಮಾ 1962ರಲ್ಲಿ ಪ್ರಕಟಿಸಿದ ‘ಮೈ ಲ್ಯಾಂಡ್ ಅಂಡ್ ಮೈ ಪೀಪಲ್’ ಓದಿ. ಮನೆಮಠ ಬಿಟ್ಟು ಬಂದ ಮೂರೇ ವರ್ಷದೊಳಗೆ ಬರೆದದ್ದಾದರೂ ಅದರಲ್ಲಿ ದ್ವೇಷದ ಮಾತಿಲ್ಲ. ಒಕ್ಕಲು ಮನೆಯ ಮಗುವನ್ನು ಹುಡುಕಿಕೊಂಡು ಸನ್ಯಾಸಿಗಳು ಬಂದ ದಿನದಿಂದ ಸಿಪಾಯಿಯ ವೇಷದಲ್ಲಿ ಲಾಸಾ ಬಿಟ್ಟ ರಾತ್ರಿಯವರೆಗಿನ ಕಥೆಯನ್ನು ಸಾವಧಾನವಾಗಿ ಹೇಳಿದ್ದಾರೆ.

ಪ್ರವಾಸ ಕಥನಗಳನ್ನು ನಾನು ಕೀಳಾಗಿ ಕಾಣುತ್ತಿಲ್ಲ. ಹೊನ್ನಾಳಿಗೆ ಅಂಟಿಕೊಂಡ ಶಿಕಾರಿಪುರ ಸೀಮೆಯ ಜಿ.ಎಸ್. ಶಿವರುದ್ರಪ್ಪನವರು ಸೋವಿಯತ್ ದೇಶಕ್ಕೆ ಹೋಗಿ ಬಂದು ‘ಮಾಸ್ಕೋದಲ್ಲಿ ಇಪ್ಪತ್ತೆರಡು ದಿನ’ ಬರೆದರು. ತಾವು ಕಂಡದ್ದು ಇಪ್ಪತ್ತೆರಡು ದಿನದ್ದಷ್ಟೇ ಎಂದು ಹೆಸರಿನಲ್ಲೇ ಹೇಳಿಬಿಟ್ಟ ಪ್ರಾಮಾಣಿಕತೆ ಅದು. ಈಗ ನಾಲ್ಕು ದಿನ ಕಠ್ಮಂಡುವಿನಲ್ಲಿದ್ದು ಬಂದವರು ಇಡೀ ನೇಪಾಳದ ಸ್ವಭಾವ ಬರೆಯುತ್ತಾರೆ. ಪ್ರವಾಸಿಯ ಕಣ್ಣಿಗೆ ಬೀಳುವುದೇನು, ತಪ್ಪುವುದೇನು ಎಂದು ತಿಳಿಯಲು ನಮ್ಮನ್ನೇ ನೋಡಿ ಹೋದ ಪರದೇಶಿಗಳನ್ನು ಓದುವುದು ಒಳ್ಳೆಯ ಉಪಾಯ. ಎಚ್.ಎಲ್. ನಾಗೇಗೌಡರ ‘ಪ್ರವಾಸಿ ಕಂಡ ಇಂಡಿಯಾ’ ಸಂಪುಟಗಳು ಅದಕ್ಕೆಂದೇ ಇವೆ. ಹೆರಾತಿನಿಂದ ಬಂದ ರಾಯಭಾರಿ ಅಬ್ದುಲ್ ರಜಾಕ್ 1443ರಲ್ಲಿ ಮಂಗಳೂರಿನಿಂದ ಘಟ್ಟ ಹತ್ತಿ ಬಿದನೂರಿನ ಮೇಲೆ ವಿಜಯನಗರಕ್ಕೆ ಹೋದ. ಊರಿನ ಕೋಟೆ, ಬಜಾರು, ಮಹಾನವಮಿ ಕಂಡು ಬೆರಗಾಗಿ ಬರೆದ. ದಾರಿಯಲ್ಲಿ ಹೊಲ ಉಳುತ್ತಿದ್ದ ನಮ್ಮವರ ಮನೆಯೊಳಗೆ ಅವನಿಗೆ ಪ್ರವೇಶವಿರಲಿಲ್ಲ. ನಮ್ಮ ಪ್ರವಾಸಿಗಳಿಗೂ ಕೊಲಂಬೊ, ಢಾಕಾಗಳಲ್ಲಿ ಆ ಪ್ರವೇಶ ಸಿಗುವುದಿಲ್ಲ. ಕಥೆಗಾರನಿಗೆ ಸಿಗುತ್ತದೆ, ಯಾಕೆಂದರೆ ಅವನು ಆ ಮನೆಯವನೇ.

ಎಲ್ಲಿಂದ ಶುರುಮಾಡಬೇಕೆಂದು ಕೇಳುವವರಿಗೆ ನವಕರ್ನಾಟಕ ಹೊರತಂದ, ನಿರಂಜನರು ಸಂಪಾದಿಸಿದ 25 ಸಂಪುಟಗಳ ‘ವಿಶ್ವ ಕಥಾ ಕೋಶ’ ಹೇಳುತ್ತೇನೆ. ಲೋಕದ ದೇಶದೇಶಗಳ ಸಣ್ಣಕಥೆಗಳನ್ನು ಕನ್ನಡದ ಮನೆಗೆ ತಂದ ಅಂಥ ಇನ್ನೊಂದು ಕೆಲಸ ನಮ್ಮಲ್ಲಿ ನಡೆದಿಲ್ಲ. ಅದರ ಒಂದು ಕಥೆಗೆ ಒಂದು ಸಂಜೆ ಸಾಕು. ಶಾಲೆಯ ಮೇಷ್ಟ್ರುಗಳು ವಾರಕ್ಕೊಂದನ್ನು ತರಗತಿಯಲ್ಲಿ ಓದಿ ಹೇಳಿದರೆ ಮಕ್ಕಳಿಗೆ ಭೂಪಟದ ಬಣ್ಣಗಳಲ್ಲಿ ಜನ ಕಾಣತೊಡಗುತ್ತಾರೆ.

ಪುಸ್ತಕ ಕೊಳ್ಳುವ ಶಕ್ತಿ ಎಲ್ಲರಿಗೂ ಇಲ್ಲ, ಕೊಳ್ಳಲೇಬೇಕಾಗಿಯೂ ಇಲ್ಲ. 1965ರ ಗ್ರಂಥಾಲಯ ಕಾಯಿದೆಯ ಪ್ರಕಾರ ನೀವು ಕಟ್ಟುವ ಮನೆ ಕಂದಾಯದ ಮೇಲೆ ನೂರಕ್ಕೆ ಆರರಂತೆ ಗ್ರಂಥಾಲಯ ಕರ ಸೇರಿರುತ್ತದೆ. ಆ ಹಣ ನಿಮ್ಮದು. ಗ್ರಾಮ ಪಂಚಾಯಿತಿಯ ಗ್ರಂಥಾಲಯಗಳು ಈಗ ಅರಿವು ಕೇಂದ್ರಗಳಾಗಿವೆ. ಸ್ಪರ್ಧಾತ್ಮಕ ಪರೀಕ್ಷೆಯ ಪುಸ್ತಕಗಳಿಗೆ ಹುಡುಗರು ಬರುತ್ತಾರೆ, ಬರಲಿ. ಅದೇ ಕಪಾಟಿನಲ್ಲಿ ಮಂಟೋ, ಭೀಷ್ಮ ಸಾಹನಿ, ಅಮೃತಾ ಪ್ರೀತಂ, ವಿಶ್ವ ಕಥಾ ಕೋಶ ಇರಬೇಕೆಂದು ಕೇಳುವವರು ಬೇಕು. ಯಾರೂ ಕೇಳದ ಪುಸ್ತಕವನ್ನು ಯಾವ ಗ್ರಂಥಾಲಯವೂ ತರಿಸುವುದಿಲ್ಲ. ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರಿನ ಓದುಗರು ಈ ವಾರ ನಿಮ್ಮ ಊರಿನ ಗ್ರಂಥಪಾಲಕರ ಬಳಿ ಹೋಗಿ, ಈ ಹೆಸರುಗಳನ್ನು ಒಂದು ಚೀಟಿಯಲ್ಲಿ ಬರೆದುಕೊಡಿ. ಪುಸ್ತಕ ಬಂದ ಮೇಲೆ ಮರೆಯದೆ ಹೋಗಿ ಪಡೆದು ಓದಿ.